ಮುದ್ದೇನಹಳ್ಳಿಯವರು ಜಾಗ ತೋರಿಸಿದ ಸೇತುವೆ: ಮೊಕಾಮಾದ ರಾಜೇಂದ್ರ ಸೇತು ಮತ್ತು ತ್ರಿಕೋನಗಳ ಲೆಕ್ಕ

ಚಿಕ್ಕಬಳ್ಳಾಪುರದ ಬೆಟ್ಟಗಳಲ್ಲಿ ಹುಟ್ಟುವ ನದಿಗಳಿಗೆ ಲೆಕ್ಕವಿಲ್ಲ. ಉತ್ತರ ಪಿನಾಕಿನಿ, ದಕ್ಷಿಣ ಪಿನಾಕಿನಿ, ಅರ್ಕಾವತಿ, ಚಿತ್ರಾವತಿ, ಪಾಪಾಗ್ನಿ. ಆದರೆ ಇವು ನಮ್ಮಲ್ಲಿ ಹುಟ್ಟುತ್ತವೆಯೇ ಹೊರತು ಬೆಳೆಯುವುದು ಬೇರೆ ಊರಿನಲ್ಲಿ. ಹಾಗಾಗಿ ಇಲ್ಲಿನ ರಸ್ತೆಗಳಿಗೆ ಒಂದು ಮೋರಿ, ಹೆಚ್ಚೆಂದರೆ ನಾಲ್ಕಾರು ಕಣ್ಣಿನ ಕಲ್ಲುಸೇತುವೆ ಸಾಕಾಗಿತ್ತು. ನಾಲ್ಕಡಿ ತೋಡಿದರೆ ಬಂಡೆ ಸಿಗುವ ನೆಲ, ಬೇಕಾದಷ್ಟು ಚಪ್ಪಡಿ ಸಿಗುವ ಬೆಟ್ಟ. ಕಬ್ಬಿಣದ ಸೇತುವೆಯ ದರ್ದು ಯಾರಿಗಿತ್ತು?

ಇಂಥ ನಾಡಿನಲ್ಲಿ, ನಂದಿಬೆಟ್ಟದ ಬುಡದ ಮುದ್ದೇನಹಳ್ಳಿಯಲ್ಲಿ ಹುಟ್ಟಿದ ಒಬ್ಬರನ್ನು ಗಂಗೆಯ ಮೇಲೆ ಸೇತುವೆ ಎಲ್ಲಿ ಕಟ್ಟಬೇಕು ಎಂದು ಕೇಳಿದರು. ಕೇಳಿದ್ದು 1950ರ ದಶಕದಲ್ಲಿ. ಸರ್ ಎಂ. ವಿಶ್ವೇಶ್ವರಯ್ಯನವರಿಗೆ ಆಗ ತೊಂಬತ್ತು ದಾಟಿತ್ತು. ಕನ್ನಂಬಾಡಿ ಕಟ್ಟೆ, ಖಡಕ್‌ವಾಸ್ಲಾದ ಸ್ವಯಂಚಾಲಿತ ಗೇಟು, ಮೂಸಿ ಪ್ರವಾಹದ ನಂತರ ಹೈದರಾಬಾದಿಗೆ ಮಾಡಿಕೊಟ್ಟ ಯೋಜನೆ ಇವೆಲ್ಲ ನಮ್ಮ ಶಾಲಾ ಪುಸ್ತಕಗಳಲ್ಲಿ ಇವೆ. ಬಿಹಾರದ ಈ ಸೇತುವೆಯ ಮಾತು ಮಾತ್ರ ಇಲ್ಲಿ ಅಪರೂಪ. ನಮ್ಮ ಕಡೆ ಕಟ್ಟಡ ಕೆಲಸಕ್ಕೆ ಬರುವ ಬೇಗುಸರಾಯ್ ಕಡೆಯ ಹುಡುಗರಲ್ಲಿ ‘ಮೊಕಾಮಾ ಪುಲ್’ ಅಂದು ನೋಡಿ, ಮುಖ ಅರಳುತ್ತದೆ. ಅದರ ಜಾಗ ತೋರಿಸಿದವರ ಊರು ಇಲ್ಲೇ ಹತ್ತಿರದಲ್ಲಿದೆ ಎಂದರೆ ನಂಬುವುದು ಕಷ್ಟ.

ಸೇತುವೆ ಬರುವ ಮುಂಚೆ ಅಲ್ಲಿ ಇದ್ದದ್ದು ಘಾಟು, ಅಂದರೆ ದೋಣಿ ಹತ್ತಿಳಿಯುವ ದಂಡೆ. ಗಂಗೆಯ ದಕ್ಷಿಣ ದಂಡೆಯ ಮೊಕಾಮಾ ಘಾಟಿನವರೆಗೆ ಬ್ರಾಡ್‌ಗೇಜ್ ರೈಲು, ಉತ್ತರ ದಂಡೆಯ ಸಿಮರಿಯಾ ಘಾಟಿನಿಂದ ಮುಂದಕ್ಕೆ ಮೀಟರ್‌ಗೇಜ್. ನಡುವೆ ನದಿ. ಒಂದು ರೈಲಿನಿಂದ ಸರಕು ಇಳಿಸಬೇಕು, ದೋಣಿಗೆ ಏರಿಸಬೇಕು, ದಾಟಿಸಬೇಕು, ಇಳಿಸಬೇಕು, ಮತ್ತೆ ಇನ್ನೊಂದು ರೈಲಿಗೆ ಏರಿಸಬೇಕು. ಉಪ್ಪು, ಧಾನ್ಯ, ಕಲ್ಲಿದ್ದಲು ಎಲ್ಲವೂ ಕೂಲಿಗಳ ತಲೆಯ ಮೇಲೆ. ಈ ಕೆಲಸದ ಗುತ್ತಿಗೆ ಹಿಡಿದು ಮೊಕಾಮಾ ಘಾಟಿನಲ್ಲಿ ಇಪ್ಪತ್ತು ವರ್ಷ ಕಳೆದವರು ಯಾರು ಗೊತ್ತೆ? ಕನ್ನಡದ ಓದುಗರಿಗೆ ನರಭಕ್ಷಕ ಹುಲಿಗಳಿಂದ ಪರಿಚಯವಾದ ಜಿಮ್ ಕಾರ್ಬೆಟ್. ಕುಮಾವೂಂ ಕಾಡಿನ ಬೇಟೆಗಾರ ಅಂತ ನಾವು ತಿಳಿದಿರುವ ಆ ಮನುಷ್ಯನ ಹೊಟ್ಟೆಪಾಡು ನಡೆದದ್ದು ಸೇತುವೆ ಇಲ್ಲದ ಈ ನದಿಯ ದಂಡೆಯಲ್ಲಿ.

ಹಾಗಾದರೆ ಒಂದು ಸೇತುವೆ ಕಟ್ಟಿಬಿಡಬಹುದಿತ್ತಲ್ಲ? ತೊಂದರೆ ಇರುವುದೇ ಅಲ್ಲಿ. ಬಿಹಾರದ ಬಯಲಿನ ನದಿಗಳು ಒಂದು ಕಡೆ ನಿಲ್ಲುವುದಿಲ್ಲ. ಗಂಗೆಗೆ ಸೇರುವ ಕೋಸಿ ನದಿ ಸುಮಾರು ಇನ್ನೂರೈವತ್ತು ವರ್ಷಗಳಲ್ಲಿ ಪಶ್ಚಿಮಕ್ಕೆ 120 ಕಿಲೋಮೀಟರಿನಷ್ಟು ಸರಿದಿದೆ. ಗಂಗೆ ಅಷ್ಟು ಅಲೆಮಾರಿಯಲ್ಲ, ಆದರೂ ಒಂದು ದಂಡೆ ಕೊರೆದು ಇನ್ನೊಂದು ದಂಡೆಗೆ ಮರಳು ಒಟ್ಟುವುದು ಅದರ ನಿತ್ಯದ ಕಸುಬು. ಕೋಟಿಗಟ್ಟಲೆ ಸುರಿದು ಸೇತುವೆ ಕಟ್ಟಿ ಮುಗಿಸುವ ಹೊತ್ತಿಗೆ ನದಿ ಪಕ್ಕಕ್ಕೆ ಸರಿದರೆ ಒಣ ಮರಳಿನ ಮೇಲೆ ಒಂದು ಸ್ಮಾರಕ ಉಳಿಯುತ್ತದೆ. ಆದ್ದರಿಂದ ಇಲ್ಲಿ ಮೊದಲ ಪ್ರಶ್ನೆ ‘ಹೇಗೆ ಕಟ್ಟುವುದು’ ಅಲ್ಲ, ‘ಎಲ್ಲಿ’ ಎನ್ನುವುದು. ನದಿ ಹರಡಿಕೊಳ್ಳದೆ ಇಕ್ಕಟ್ಟಾಗಿ ಹರಿಯುವ, ದಂಡೆ ಸುಲಭಕ್ಕೆ ಕೊಚ್ಚಿಹೋಗದ, ಎರಡೂ ಕಡೆ ರೈಲು ರಸ್ತೆ ಮುಟ್ಟಿಸಬಹುದಾದ ಜಾಗ ಬೇಕು. ಈ ಮೂರೂ ಒಂದೇ ಕಡೆ ಸಿಗುವುದು ಅಪರೂಪ. ಮೊಕಾಮಾ ಬಳಿಯ ಹಾಥಿದಹ ಮತ್ತು ಆಚೆ ದಂಡೆಯ ಸಿಮರಿಯಾ ನಡುವಿನ ಜಾಗ ನಿಗದಿಯಾದದ್ದು ವಿಶ್ವೇಶ್ವರಯ್ಯನವರ ಅಧ್ಯಯನದ ಆಧಾರದ ಮೇಲೆ.

ಜಾಗ ಗೊತ್ತಾದ ಮೇಲೆ ಅಡಿಪಾಯ. ಅಲ್ಲಿ ನಮ್ಮ ಹಾಗೆ ಬಂಡೆ ಇಲ್ಲ. ಎಷ್ಟು ತೋಡಿದರೂ ಮರಳು, ಮೆಕ್ಕಲು. ಅದಕ್ಕೆ ಉತ್ತರ ಭಾರತದ ಎಂಜಿನಿಯರುಗಳು ಪಳಗಿಸಿಕೊಂಡ ಉಪಾಯ ‘ಬಾವಿ ಅಡಿಪಾಯ’. ನಮ್ಮ ಕಡೆ ಬಾವಿ ತೋಡುತ್ತೇವೆ, ಆಮೇಲೆ ಒಳಗೆ ಕಲ್ಲು ಕಟ್ಟುತ್ತೇವೆ. ಅಲ್ಲಿ ತಿರುಗಾಮುರುಗಾ: ಮೊದಲು ನೆಲದ ಮೇಲೆ ಬಾವಿಯ ಗೋಡೆ ಕಟ್ಟುತ್ತಾರೆ, ಅದರ ತಳಕ್ಕೆ ಚೂಪಾದ ಉಕ್ಕಿನ ಅಂಚು ಇರುತ್ತದೆ. ಆಮೇಲೆ ಒಳಗಿನ ಮರಳನ್ನು ತೆಗೆಯುತ್ತ ಹೋದರೆ ಗೋಡೆ ತನ್ನ ಭಾರಕ್ಕೆ ತಾನೇ ಕೆಳಗೆ ಇಳಿಯುತ್ತದೆ. ಇಳಿದಷ್ಟೂ ಮೇಲೆ ಗೋಡೆ ಏರಿಸುತ್ತಾರೆ. ಬೇಕಾದ ಆಳ ಮುಟ್ಟಿದ ಮೇಲೆ ತಳಕ್ಕೆ ಕಾಂಕ್ರೀಟು, ಒಳಗೆ ಮರಳು, ಬಾಯಿಗೆ ಮುಚ್ಚಳ, ಅದರ ಮೇಲೆ ಸೇತುವೆಯ ಕಂಬ. ಇಷ್ಟು ಆಳ ಯಾಕೆಂದರೆ ಪ್ರವಾಹದಲ್ಲಿ ಕಂಬದ ಸುತ್ತ ನೀರು ಸುಳಿ ತಿರುಗಿ ನದಿಯ ತಳವನ್ನೇ ಬಗೆಯುತ್ತದೆ. ನೀರು ಇಳಿದಾಗ ಆ ಗುಂಡಿ ಮತ್ತೆ ಮರಳಿನಿಂದ ತುಂಬಿಕೊಳ್ಳುತ್ತದೆ. ಬೇಸಿಗೆಯಲ್ಲಿ ಬಂದು ನೋಡಿದವರಿಗೆ ಎಲ್ಲ ಗಟ್ಟಿಯಾಗಿಯೇ ಕಾಣುತ್ತದೆ, ಮೋಸ ಇರುವುದು ಅದರಲ್ಲಿಯೇ. ಬಾವಿಯ ತಳ ಆ ಗುಂಡಿಗಿಂತಲೂ ಎಷ್ಟೋ ಕೆಳಗಿರಬೇಕು.

ಇಂಥ ಬಾವಿ ಒಂದೊಂದೂ ದುಬಾರಿ. ಆದ್ದರಿಂದ ಕಂಬಗಳು ಕಡಿಮೆ ಇರಬೇಕು, ಅಂದರೆ ಒಂದು ಕಂಬದಿಂದ ಇನ್ನೊಂದಕ್ಕೆ ಅಂತರ ದೊಡ್ಡದಿರಬೇಕು. ಈ ಅಂತರವೇ ಸ್ಪ್ಯಾನ್. ದೊಡ್ಡ ಸ್ಪ್ಯಾನ್‌ಗೆ ಇಡಿಯಾದ ತೊಲೆ ಹಾಕಿದರೆ ಅದರ ಸ್ವಂತ ಭಾರಕ್ಕೇ ಅದು ಬಗ್ಗುತ್ತದೆ. ಹಗುರವೂ ಇರಬೇಕು, ಬಗ್ಗಲೂ ಬಾರದು. ಟ್ರಸ್ ಹುಟ್ಟಿದ್ದು ಈ ಇಕ್ಕಟ್ಟಿನಿಂದ.

ಟ್ರಸ್ ಅಂದರೆ ತ್ರಿಕೋನಗಳಾಗಿ ಜೋಡಿಸಿದ ಸರಳುಗಳು. ಯಾವುದಾದರೂ ತೋಟದ ಕಬ್ಬಿಣದ ಗೇಟು ನೋಡಿ: ನಾಲ್ಕು ಬದಿಯ ಚೌಕಟ್ಟಿನ ಜೊತೆಗೆ ಮೂಲೆಯಿಂದ ಮೂಲೆಗೆ ಒಂದು ಓರೆ ಪೈಪು ಇರುತ್ತದೆ. ಅದಿಲ್ಲದಿದ್ದರೆ ವರ್ಷದೊಳಗೆ ಗೇಟು ಜೋತುಬಿದ್ದು ನೆಲಕ್ಕೆ ಉಜ್ಜುತ್ತದೆ. ಚೌಕಕ್ಕೆ ಆಕಾರ ಬದಲಿಸಲು ಬರುತ್ತದೆ. ಬದಿಗಳ ಉದ್ದ ಹಾಗೇ ಇದ್ದರೂ ಅದು ವಾಲಿಕೊಳ್ಳಬಹುದು. ತ್ರಿಕೋನಕ್ಕೆ ಹಾಗಾಗುವುದಿಲ್ಲ, ಒಂದು ಬದಿ ಮುರಿಯಬೇಕು ಇಲ್ಲವೆ ಉದ್ದ ಬದಲಾಗಬೇಕು. ಕೋಲಾರದ ಚಿನ್ನದ ಗಣಿಗಳ ಶಾಫ್ಟ್‌ಗಳ ಮೇಲೆ ನಿಂತ ಉಕ್ಕಿನ ಗೋಪುರ, ಪಾವಗಡದ ಸೋಲಾರ್ ಪಾರ್ಕಿನಿಂದ ಹೊರಟ ವಿದ್ಯುತ್ ಟವರುಗಳು, ಕಲ್ಯಾಣ ಮಂಟಪದ ಶೀಟು ಹೊತ್ತ ಆಂಗಲ್‌ಗಳು ಎಲ್ಲ ಇದೇ ಕುಲ. ನದಿ ಸೇತುವೆ ಇಲ್ಲದಿದ್ದರೂ ಟ್ರಸ್ ನಮಗೆ ಹೊಸದಲ್ಲ.

ಸೇತುವೆಯಲ್ಲಿ ಈ ತ್ರಿಕೋನಗಳ ಸಾಲಿನ ಮೇಲೊಂದು, ಕೆಳಗೊಂದು ಉದ್ದನೆಯ ಸರಳು ಓಡುತ್ತದೆ. ಮೇಲಿನದು ಒತ್ತಡದಲ್ಲಿ, ಕೆಳಗಿನದು ಎಳೆತದಲ್ಲಿ. ಇವೆರಡರ ನಡುವಿನ ಎತ್ತರವೇ ಟ್ರಸ್ಸಿನ ಗುಟ್ಟು. ಒಂದು ಸರಳ ಲೆಕ್ಕ ಮಾಡೋಣ. 60 ಮೀಟರ್ ಸ್ಪ್ಯಾನಿನ ನಟ್ಟನಡುವೆ 100 ಟನ್ ಭಾರ ನಿಂತಿದೆ ಅಂದುಕೊಳ್ಳಿ. ಭಾರವನ್ನು ಸ್ಪ್ಯಾನಿನಿಂದ ಗುಣಿಸಿ ನಾಲ್ಕರಿಂದ ಭಾಗಿಸಿದರೆ 1500. ಇದನ್ನು ಟ್ರಸ್ಸಿನ ಎತ್ತರದಿಂದ ಭಾಗಿಸಬೇಕು: ಟ್ರಸ್ 6 ಮೀಟರ್ ಎತ್ತರವಿದ್ದರೆ ಮೇಲಿನ ಕೆಳಗಿನ ಸರಳುಗಳ ಮೇಲೆ ಬೀಳುವ ಬಲ ಸುಮಾರು 250 ಟನ್. ಎತ್ತರವನ್ನು 10 ಮೀಟರ್ ಮಾಡಿದರೆ 150 ಟನ್ನಿಗೆ ಇಳಿಯುತ್ತದೆ. ಇಡಿಯಾದ ತೊಲೆಯನ್ನು 10 ಮೀಟರ್ ಎತ್ತರ ಮಾಡಹೊರಟರೆ ಉಕ್ಕಿನ ಗೋಡೆಯೇ ಆಗುತ್ತದೆ. ಟ್ರಸ್ಸಿನಲ್ಲಿ ನಡುವಿನ ಜಾಗವೆಲ್ಲ ಗಾಳಿ, ಉಕ್ಕು ಬೇಕಾದಲ್ಲಿ ಮಾತ್ರ. ನಮ್ಮ ರೈಲ್ವೆಯವರು ಇದನ್ನು ಓಪನ್ ವೆಬ್ ಗರ್ಡರ್ ಎನ್ನುವುದು ಅದಕ್ಕೇ.

ಯಾವ ಸರಳಿಗೆ ಎಷ್ಟು ಬಲ ಬೀಳುತ್ತದೆ ಎಂದು ಕಾಗದದ ಮೇಲೆ ಹೇಳಲು ಬಂದದ್ದು ಹತ್ತೊಂಬತ್ತನೇ ಶತಮಾನದ ನಡುವಿನಲ್ಲಿ. ಅದಕ್ಕೆ ಮುಂಚೆ ಬಡಗಿಯ ಅನುಭವವೇ ಪ್ರಮಾಣ. 1840ರಲ್ಲಿ ಅಮೆರಿಕದ ವಿಲಿಯಂ ಹೋವ್ ಓರೆ ಸರಳುಗಳನ್ನು ಮರದಲ್ಲಿ, ನೆಟ್ಟಗಿನವನ್ನು ಕಬ್ಬಿಣದಲ್ಲಿ ಮಾಡಿದ. ಮರ ಒತ್ತಡ ತಡೆಯುತ್ತದೆ, ಕಬ್ಬಿಣ ಎಳೆತಕ್ಕೆ ಒಳ್ಳೆಯದು. 1844ರಲ್ಲಿ ಥಾಮಸ್ ಪ್ರಾಟ್ ಮತ್ತು ಕೇಲೆಬ್ ಪ್ರಾಟ್, ಮಗ ಮತ್ತು ಅಪ್ಪ, ಓರೆಯ ದಿಕ್ಕು ತಿರುಗಿಸಿದರು. ಉದ್ದದ ಓರೆ ಸರಳಿಗೆ ಎಳೆತ, ಗಿಡ್ಡದಾದ ನೆಟ್ಟನೆಯದಕ್ಕೆ ಒತ್ತಡ. 1848ರಲ್ಲಿ ಇಂಗ್ಲೆಂಡಿನಲ್ಲಿ ಪೇಟೆಂಟ್ ಆದ ವಾರನ್ ಟ್ರಸ್ಸಿನಲ್ಲಿ ನೆಟ್ಟನೆಯ ಸರಳುಗಳೇ ಇಲ್ಲ, ಬರೀ ತ್ರಿಕೋನಗಳ ಅಂಕುಡೊಂಕು ಸಾಲು. ಸರಳುಗಳ ಬಲವನ್ನು ಲೆಕ್ಕ ಹಾಕುವ ವಿಧಾನವನ್ನು ಸ್ಕ್ವಯರ್ ವಿಪಲ್ ಎಂಬ ಎಂಜಿನಿಯರ್ 1847ರಲ್ಲಿ ಪುಸ್ತಕವಾಗಿ ಪ್ರಕಟಿಸಿದ. ಇದಾದ ಮೇಲೆ ಒಂದು ಸರಳೂ ಅಂದಾಜಿನ ಮೇಲೆ ದಪ್ಪ ಇರಬೇಕಾಗಿಲ್ಲ. ಎಷ್ಟು ಬೇಕೋ ಅಷ್ಟೇ.

ಭಾರತಕ್ಕೆ ಇದು ಹಡಗಿನಲ್ಲಿ ಬಂತು. ಇಂಗ್ಲೆಂಡಿನಲ್ಲಿ ತಯಾರಾದ ತುಂಡುಗಳನ್ನು ಇಲ್ಲಿ ತಂದು ರಿವೆಟ್ ಹೊಡೆದು ಜೋಡಿಸುವುದು. ರಾಜಮಂಡ್ರಿಯಲ್ಲಿ ಗೋದಾವರಿಯ ಮೇಲೆ 1900ರಲ್ಲಿ ಮುಗಿದ ಹ್ಯಾವ್‌ಲಾಕ್ ರೈಲು ಸೇತುವೆಗೆ 56 ಸ್ಪ್ಯಾನುಗಳು, ಒಂದೊಂದೂ 45.7 ಮೀಟರ್. 1997ರವರೆಗೆ ಅದರ ಮೇಲೆ ರೈಲು ಓಡಿತು. 1943ರ ಹೌರಾ ಸೇತುವೆಯ ಹೊತ್ತಿಗೆ ಕಾಲ ಬದಲಾಗಿತ್ತು. ಅದರ 26,500 ಟನ್ ಉಕ್ಕಿನಲ್ಲಿ 23,000 ಟನ್ ಕೊಟ್ಟದ್ದು ಟಾಟಾ ಕಾರ್ಖಾನೆ. ಆ ಸೇತುವೆಗೆ ಬಂದ ಒಂದು ಕಾಯಿಲೆಯನ್ನೂ ಹೇಳಬೇಕು: ಪಾನ್ ಅಗಿದು ಉಗಿದ ಎಂಜಲು ಉಕ್ಕಿನ ಕಾಲುಗಳ ಕವಚವನ್ನು ತಿಂದು ಅರ್ಧಕ್ಕೆ ಇಳಿಸಿತ್ತು, ಕೊನೆಗೆ ಫೈಬರ್ ಹೊದಿಕೆ ಹಾಕಬೇಕಾಯಿತು. ನಮ್ಮ ಬಸ್ ಸ್ಟ್ಯಾಂಡಿನ ಕಂಬಗಳ ಗತಿ ನೋಡಿದವರಿಗೆ ಇದರಲ್ಲಿ ಅಚ್ಚರಿಯೇನೂ ಇರಲಾರದು.

ಮೊಕಾಮಾದಲ್ಲಿ ರಾಷ್ಟ್ರಪತಿ ರಾಜೇಂದ್ರ ಪ್ರಸಾದರು 1956ರಲ್ಲಿ ಶಂಕುಸ್ಥಾಪನೆ ಮಾಡಿದರು. 1959ರ ಮೇ ತಿಂಗಳಲ್ಲಿ ನೆಹರೂ ಉದ್ಘಾಟಿಸಿದರು. ಸುಮಾರು 2 ಕಿಲೋಮೀಟರ್ ಉದ್ದ. ಮೇಲೆ ಎರಡು ಸಾಲಿನ ರಸ್ತೆ, ಅದರ ಕೆಳಗೆ ಟ್ರಸ್ಸಿನ ಹೊಟ್ಟೆಯೊಳಗೆ ಒಂದು ರೈಲು ಹಳಿ. ಬಿಹಾರದಲ್ಲಿ ಗಂಗೆಗೆ ಬಿದ್ದ ಮೊದಲ ಸೇತುವೆ ಇದು. ಎತ್ತರದ ಟ್ರಸ್ ಹೇಗೂ ಬೇಕು, ಆ ಎತ್ತರದೊಳಗೇ ಒಂದು ರೈಲು ತೂರಿಸಿದರೆ ಒಂದೇ ಕಂಬದ ಸಾಲಿನಲ್ಲಿ ಎರಡು ದಾರಿ ಸಿಕ್ಕವು. ಗುವಾಹಟಿಯ ಸರಾಯ್‌ಘಾಟ್ ಸೇತುವೆಯೂ ಇದೇ ಮಾದರಿಯದು. ಘಾಟಿನ ಕೂಲಿಗಳ ಕಾಲ ಮುಗಿಯಿತು. ಉತ್ತರ ದಂಡೆಯ ಬರೌನಿಯಲ್ಲಿ 1960ರ ದಶಕದಲ್ಲಿ ತೈಲ ಶುದ್ಧೀಕರಣ ಘಟಕ ಬಂತು.

ಈಗ ಟ್ರಸ್ಸಿನ ಇನ್ನೊಂದು ಮುಖ. ಪ್ರತಿ ಸರಳಿಗೂ ಕೆಲಸ ಇದೆ, ಸುಮ್ಮನೆ ಕೂತದ್ದು ಯಾವುದೂ ಇಲ್ಲ ಎಂದೆವಲ್ಲ. ಹಾಗಿದ್ದರೆ ಒಂದು ಸರಳು ಕೈಕೊಟ್ಟರೆ ಅದರ ಭಾರ ಹೊರಲು ಬದಲಿಯೂ ಇಲ್ಲ. ಬದಿಗೆ ಒಂದರಂತೆ ಎರಡೇ ಟ್ರಸ್ ಇರುವ ಹಳೆಯ ಸೇತುವೆಗಳಲ್ಲಿ ಈ ಅಪಾಯ ತುಸು ಹೆಚ್ಚು. ಎಳೆತದ ಸರಳು ಬಿರುಕು ಬಿಟ್ಟು ಸಾಯುತ್ತದೆ, ಒತ್ತಡದ ಸರಳಿನ ಸಾವು ಬೇರೆ. ಪೊರಕೆಕಡ್ಡಿಯೊಂದನ್ನು ಎರಡು ತುದಿಯಿಂದ ಒತ್ತಿ ನೋಡಿ: ಅದು ಪುಡಿಯಾಗುವುದಿಲ್ಲ, ಪಕ್ಕಕ್ಕೆ ಬಿಲ್ಲಿನ ಹಾಗೆ ಚಿಮ್ಮುತ್ತದೆ. ಅದೇ ಕಡ್ಡಿಯನ್ನು ಅರ್ಧ ಮಾಡಿ ಒತ್ತಿದರೆ ನಾಲ್ಕು ಪಟ್ಟು ಬಲ ತಡೆಯುತ್ತದೆ. ಇದು ಹದಿನೆಂಟನೇ ಶತಮಾನದಲ್ಲೇ ಗಣಿತಜ್ಞ ಆಯ್ಲರ್ ಹಾಕಿಕೊಟ್ಟ ಲೆಕ್ಕ. ಆದ್ದರಿಂದ ಮೇಲಿನ ಉದ್ದ ಸರಳನ್ನು ಅಲ್ಲಲ್ಲಿ ಅಡ್ಡ ಪಟ್ಟಿಗಳಿಂದ ಹಿಡಿದು ‘ಗಿಡ್ಡ’ ಮಾಡುತ್ತಾರೆ. ಆ ಅಡ್ಡ ಪಟ್ಟಿಗಳು ವಾಹನದ ಭಾರವನ್ನೇನೂ ಹೊರುವುದಿಲ್ಲ, ನೋಡುವವರಿಗೆ ಅಲಂಕಾರದ ಹಾಗೆ ಕಾಣುತ್ತವೆ. ಅವು ಹೋದರೆ ಮೇಲಿನ ಸರಳು ಚಿಮ್ಮುತ್ತದೆ.

2013ರ ಮೇ 23ರಂದು ಅಮೆರಿಕದ ವಾಷಿಂಗ್ಟನ್ ರಾಜ್ಯದಲ್ಲಿ ಆದದ್ದು ಇದೇ. ಸಿಯಾಟಲ್ ಕಡೆಯಿಂದ ಕೆನಡಾಕ್ಕೆ ಹೋಗುವ ಐ-5 ಹೆದ್ದಾರಿಗೆ ಸ್ಕ್ಯಾಜಿಟ್ ನದಿಯ ಮೇಲೆ 1955ರ ಟ್ರಸ್ ಸೇತುವೆ. ಅಲ್ಲಿ ರಸ್ತೆ ಟ್ರಸ್ಸಿನ ಒಳಗೆ ಹೋಗುತ್ತದೆ, ತಲೆಯ ಮೇಲಿನ ಅಡ್ಡ ಪಟ್ಟಿಗಳು ಕಮಾನಿನ ಆಕಾರದವು. ನಡುವಿನಲ್ಲಿ 5 ಮೀಟರಿಗೂ ಮಿಕ್ಕಿ ಎತ್ತರ, ಅಂಚಿನ ಲೇನಿನ ಹೊರಬದಿಯಲ್ಲಿ ಸುಮಾರು 4.4 ಮೀಟರ್ ಮಾತ್ರ. ಸುಮಾರು 4.8 ಮೀಟರ್ ಎತ್ತರದ ಸರಕಿಗೆ ಪರವಾನಗಿ ಪಡೆದ ಲಾರಿಯೊಂದು ಅಂಚಿನ ಲೇನಿನಲ್ಲಿ ಬಂತು. ಒಂದರ ಹಿಂದೊಂದು ಅಡ್ಡ ಪಟ್ಟಿಗಳಿಗೆ ಬಡಿಯಿತು. ಲಾರಿ ಹೇಗೋ ಆಚೆ ದಡ ಸೇರಿತು, ಅದರ ಹಿಂದೆ 49 ಮೀಟರಿನ ಇಡೀ ಸ್ಪ್ಯಾನ್ ನದಿಗೆ ಬಿತ್ತು. ನೀರಿಗೆ ಬಿದ್ದ ಮೂವರೂ ಬದುಕಿದರು. ಪಕ್ಕದ ಲೇನಿನಲ್ಲಿ ಬಂದಿದ್ದರೆ ಲಾರಿ ಸಲೀಸಾಗಿ ದಾಟುತ್ತಿತ್ತು. ಮುಂದೆ ಎತ್ತರ ಅಳೆಯುವ ಕೋಲು ಕಟ್ಟಿಕೊಂಡು ಬೆಂಗಾವಲು ಕಾರು ಹೋಗುತ್ತಿತ್ತು, ಅದರ ಚಾಲಕಿ ಫೋನಿನಲ್ಲಿದ್ದರು. ಸೇತುವೆಗೆ ಮುಂಚೆ ಎತ್ತರದ ಫಲಕ ಇರಲಿಲ್ಲ. ಗಮನಿಸಬೇಕಾದ್ದು, ಬಿದ್ದದ್ದು ಒಂದು ಸ್ಪ್ಯಾನ್ ಮಾತ್ರ. ಪ್ರತಿ ಸ್ಪ್ಯಾನೂ ತನ್ನ ಎರಡು ಕಂಬಗಳ ಮೇಲೆ ಸ್ವತಂತ್ರವಾಗಿ ಕೂತಿತ್ತು, ಹಾಗಾಗಿ ಉಳಿದವು ನಿಂತವು. ನಾಲ್ಕು ತಿಂಗಳೊಳಗೆ, ಸೆಪ್ಟೆಂಬರಿನಲ್ಲಿ, ಅಲ್ಲಿ ಹೊಸ ಸ್ಪ್ಯಾನ್ ಬಂತು. 1971ರ ಯುದ್ಧದಲ್ಲಿ ಬಾಂಗ್ಲಾದೇಶದ ಪದ್ಮಾ ನದಿಯ ಹಾರ್ಡಿಂಜ್ ಸೇತುವೆಯ ಒಂದು ಸ್ಪ್ಯಾನ್ ಬಿದ್ದಾಗಲೂ ಹೀಗೆಯೇ ಉಳಿದವು ನಿಂತಿದ್ದವು.

ಸರಳುಗಳಿಗಿಂತ ನನಗೆ ಹೆಚ್ಚು ಭಯ ಇರುವುದು ಅವು ಕೂಡುವ ಕಡೆ. ನಾಲ್ಕೈದು ಸರಳುಗಳ ತುದಿಗಳನ್ನು ಒಂದು ದಪ್ಪ ತಗಡಿಗೆ ರಿವೆಟ್ ಹೊಡೆದು ಕೂಡಿಸಿರುತ್ತಾರೆ. ಶೆಡ್ ಕಟ್ಟುವ ಫ್ಯಾಬ್ರಿಕೇಶನ್‌ನವರೂ ಅದನ್ನು ಗಸೆಟ್ ಪ್ಲೇಟ್ ಎನ್ನುತ್ತಾರೆ. 2007ರ ಆಗಸ್ಟ್ 1ರಂದು ಮಿನಿಯಾಪೊಲಿಸ್‌ನಲ್ಲಿ ಮಿಸಿಸಿಪ್ಪಿ ನದಿಯ ಮೇಲಿನ ಹೆದ್ದಾರಿ ಟ್ರಸ್ ಸೇತುವೆ ಕುಸಿದು 13 ಜನ ಸತ್ತರು. ತನಿಖೆಯಲ್ಲಿ ಸಿಕ್ಕಿದ್ದು: ಒಂದಿಂಚು ಇರಬೇಕಿದ್ದ ಗಸೆಟ್ ಪ್ಲೇಟು ವಿನ್ಯಾಸದಲ್ಲೇ ಅರ್ಧ ಇಂಚು ಆಗಿತ್ತು. ನಲವತ್ತು ವರ್ಷ ಅದು ಹೇಗೋ ತಡೆದುಕೊಂಡಿತ್ತು. ದುರಸ್ತಿಗೆಂದು ಜಲ್ಲಿ ಮರಳು ಯಂತ್ರಗಳನ್ನು ಸೇತುವೆಯ ಮೇಲೇ ಗುಡ್ಡೆ ಹಾಕಿದ ದಿನ ತಡೆಯಲಿಲ್ಲ.

ಗಂಗೆಯ ಮೇಲಿನ ಸೇತುವೆಯ ಮುಪ್ಪಿಗೆ ಇಂಥ ನಾಟಕೀಯ ಕಾರಣ ಬೇಕಾಗಿಲ್ಲ. ಬಿಹಾರದ ಚಳಿ ಬಿಸಿಲಿನ ನಡುವೆ ಉಕ್ಕಿನ ಉಷ್ಣತೆ 40 ಡಿಗ್ರಿ ಏರಿಳಿದರೆ ನೂರು ಮೀಟರ್ ಉಕ್ಕು ಸುಮಾರು 5 ಸೆಂಟಿಮೀಟರ್ ಹಿಗ್ಗಿ ಕುಗ್ಗುತ್ತದೆ. ಅದಕ್ಕಾಗಿ ಟ್ರಸ್ಸಿನ ಒಂದು ತುದಿಯನ್ನು ರೋಲರ್‌ನಂಥ ಬೇರಿಂಗಿನ ಮೇಲೆ ಕೂರಿಸಿರುತ್ತಾರೆ. ಧೂಳು, ತುಕ್ಕು ಸೇರಿ ಅದು ಹಿಡಿದುಕೊಂಡರೆ ಆ ಜಗ್ಗಾಟವೆಲ್ಲ ಕಂಬದ ಮೇಲೆ. ರಸ್ತೆಯ ಸಂದುಗಳಿಂದ ಸೋರುವ ಮಳೆನೀರು ನೇರ ಉಕ್ಕಿನ ಮೇಲೆ. ಮೇಲೆ ಲಾರಿ, ಕೆಳಗೆ ರೈಲು, ಹಗಲೂ ರಾತ್ರಿ ಹೊರುವುದು ಇಳಿಸುವುದು, ಆ ಬಳಲಿಕೆಯೂ ಲೋಹಕ್ಕೆ ಇದೆ. ಇನ್ನು ಲಾರಿಗಳೋ, 1950ರ ದಶಕದವಲ್ಲ. 2018ರಲ್ಲಿ ಕೇಂದ್ರ ಸರ್ಕಾರವೇ ಆಕ್ಸಲ್ ಭಾರದ ಮಿತಿಯನ್ನು 20ರಿಂದ 25 ಶೇಕಡ ಹೆಚ್ಚಿಸಿತು. ಹಳೆಯ ಸೇತುವೆಗೆ ಯಾರೂ ಅದನ್ನು ಹೇಳಿ ಕಳಿಸಲಿಲ್ಲ. ರಾಜೇಂದ್ರ ಸೇತುವಿನ ಸ್ಥಿತಿ ಕೆಟ್ಟು, ಭಾರಿ ವಾಹನಗಳು ಬೇರೆ ದಾರಿ ಹಿಡಿಯಬೇಕಾಯಿತು.

‘ಕಬ್ಬಿಣ ಅಲ್ವೆ, ತುಕ್ಕು ಹಿಡಿಯುತ್ತೆ, ಕಾಂಕ್ರೀಟು ಹಾಕಿದ್ದರೆ ಆಗಿತ್ತು’ ಅನ್ನುವವರು ನಮ್ಮಲ್ಲಿ ಬೇಕಾದಷ್ಟಿದ್ದಾರೆ. ಅವರಿಗೆ ಅದೇ ಗಂಗೆಯಲ್ಲಿ ಪಟ್ನಾದ ಬಳಿ ಉತ್ತರ ಇದೆ. 1982ರಲ್ಲಿ ತೆರೆದ ಮಹಾತ್ಮ ಗಾಂಧಿ ಸೇತು, ಐದೂವರೆ ಕಿಲೋಮೀಟರಿಗೂ ಹೆಚ್ಚು ಉದ್ದದ ಕಾಂಕ್ರೀಟ್ ಸೇತುವೆ. ಎರಡು ಕಂಬಗಳಿಂದ ಚಾಚಿದ ತೋಳುಗಳು ನಡುವಿನಲ್ಲಿ ಕೂಡುವ ಕೀಲುಗಳಲ್ಲಿ ತೊಂದರೆ ಶುರುವಾಗಿ, ಸೇತುವೆ ಜೋತುಬೀಳುತ್ತ ಹೋಯಿತು. ರಾಜೇಂದ್ರ ಸೇತುವಿಗಿಂತ ಇಪ್ಪತ್ಮೂರು ವರ್ಷ ಚಿಕ್ಕದು, ಮೊದಲು ಹಾಸಿಗೆ ಹಿಡಿದದ್ದು ಅದೇ. ಕೊನೆಗೆ ಕಾಂಕ್ರೀಟಿನ ಮೇಲ್ಭಾಗವನ್ನೆಲ್ಲ ಕತ್ತರಿಸಿ ತೆಗೆದು, ಹಳೆಯ ಕಂಬ ಮತ್ತು ಬಾವಿಗಳನ್ನು ಉಳಿಸಿಕೊಂಡು, ಅವುಗಳ ಮೇಲೆ ಕೂರಿಸಿದ್ದು ಉಕ್ಕಿನ ಟ್ರಸ್. ಕಾಂಕ್ರೀಟಿಗಿಂತ ಹಗುರ, ಹಳೆಯ ಅಡಿಪಾಯಕ್ಕೆ ಹೊರೆಯಾಗದು. 2020ರಲ್ಲಿ ಒಂದು ಬದಿ, 2022ರಲ್ಲಿ ಇನ್ನೊಂದು ಬದಿ ಸಂಚಾರಕ್ಕೆ ತೆರೆಯಿತು.

ಮೊಕಾಮಾದಲ್ಲಿ ರಸ್ತೆಗೆ ಟ್ರಸ್ ಮರಳಿ ಬರಲಿಲ್ಲ, ಕಾಂಕ್ರೀಟು ಮತ್ತು ಕೇಬಲ್ಲುಗಳ ಆರು ಲೇನಿನ ಹೊಸ ಸೇತುವೆ ಬಂತು. ಆದರೆ ಅದಕ್ಕೆ ಜಾಗ ಹುಡುಕಿಕೊಂಡು ಯಾರೂ ದೂರ ಹೋಗಲಿಲ್ಲ. 1.86 ಕಿಲೋಮೀಟರ್ ಉದ್ದದ ಔಂಟಾ–ಸಿಮರಿಯಾ ಸೇತುವೆ ನಿಂತಿರುವುದು ರಾಜೇಂದ್ರ ಸೇತುವಿನ ಪಕ್ಕದಲ್ಲಿ. 2016ರಲ್ಲಿ ಶಂಕುಸ್ಥಾಪನೆಯಾದ ಹೊಸ ರೈಲು ಸೇತುವೆಗೂ ಅದೇ ನೆರೆ. ರಸ್ತೆ ಸೇತುವೆ 2025ರ ಆಗಸ್ಟ್ 22ರಂದು ಉದ್ಘಾಟನೆಯಾಯಿತು, ಉತ್ತರ ಬಿಹಾರದಿಂದ ದಕ್ಷಿಣಕ್ಕೆ ಹೋಗುವ ಭಾರಿ ಲಾರಿಗಳಿಗೆ ನೂರು ಕಿಲೋಮೀಟರಿಗೂ ಹೆಚ್ಚಿನ ಸುತ್ತು ತಪ್ಪಿತು.